ಒಂದು ಗ್ರಾಂ ಔಷಧಿಗೆ ಎಷ್ಟು ಕಿಲೊ ತೊಗಟೆ?

ಹನ್ನೆರಡು ಕಿಲೊ ಒಣ ತೊಗಟೆಗೆ ಅರ್ಧ ಗ್ರಾಂ ಪುಡಿ. ಟ್ಯಾಕ್ಸಾಲ್ ಎಂಬ ಕ್ಯಾನ್ಸರ್ ಔಷಧಿಯ ಕಥೆ ಶುರುವಾಗುವುದು ಈ ಲೆಕ್ಕದಿಂದ. 1960ರ ದಶಕದಲ್ಲಿ ಅಮೆರಿಕದ ನಾರ್ತ್ ಕೆರೊಲಿನಾದ ರಿಸರ್ಚ್ ಟ್ರಯಾಂಗಲ್ ಇನ್‌ಸ್ಟಿಟ್ಯೂಟ್‌ನಲ್ಲಿ ಮನ್ರೊ ವಾಲ್ ಮತ್ತು ಮನ್‌ಸುಖ್ ವಾನಿ ಎಂಬ ಇಬ್ಬರು ರಸಾಯನ ವಿಜ್ಞಾನಿಗಳು ಪೆಸಿಫಿಕ್ ಯೂ ಎಂಬ ಮರದ ತೊಗಟೆಯನ್ನು ದ್ರಾವಕದಲ್ಲಿ ನೆನೆಸಿ, ಸೋಸಿ, ಮತ್ತೆ ಮತ್ತೆ ಬೇರ್ಪಡಿಸಿ, ಕೊನೆಗೆ ಆ ಅರ್ಧ ಗ್ರಾಂ ಶುದ್ಧ ವಸ್ತುವನ್ನು ಹಿಡಿದರು. ವಾನಿಯವರು ಹುಟ್ಟಿದ್ದು 1925ರಲ್ಲಿ, ಮಹಾರಾಷ್ಟ್ರದ ನಂದುರ್‌ಬಾರ್‌ನಲ್ಲಿ. ತೊಗಟೆಯ ತೂಕದಲ್ಲಿ ಶೇಕಡಾ 0.004ರಷ್ಟಿದ್ದ ಆ ವಸ್ತುವಿನ ರಚನೆಯನ್ನು ಅವರಿಬ್ಬರೂ 1971ರಲ್ಲಿ ಪ್ರಕಟಿಸಿದರು. ಅದು ಆಸ್ಪತ್ರೆಯ ಔಷಧಿಯಾಗಲು ಇನ್ನೂ 21 ವರ್ಷ ಬೇಕಾಯಿತು.

ಇಂತಿಂಥ ಗಿಡದಲ್ಲಿ ಕ್ಯಾನ್ಸರ್ ಗುಣಪಡಿಸುವ ಅಂಶ ಸಿಕ್ಕಿದೆ ಎಂಬ ಸುದ್ದಿಯನ್ನು ನಾವು ಆಗಾಗ ಓದುತ್ತೇವೆ. ಎಷ್ಟು ಕಿಲೊದಲ್ಲಿ ಎಷ್ಟು ಗ್ರಾಂ ಸಿಕ್ಕಿತು ಎಂಬುದು ಆ ಸುದ್ದಿಯಲ್ಲಿ ಹೆಚ್ಚಾಗಿ ಇರುವುದಿಲ್ಲ. ನನ್ನ ಮಟ್ಟಿಗೆ ಮೊದಲು ಕೇಳಬೇಕಾದ ಪ್ರಶ್ನೆಯೇ ಅದು. ಔಷಧಿಯ ಬೆಲೆ, ರೋಗಿಗೆ ಸಿಗುವ ಪಾಲು, ಮರದ ಉಳಿವು ಈ ಮೂರೂ ಆ ಉತ್ತರವನ್ನು ಅವಲಂಬಿಸಿವೆ. ಅದರಲ್ಲೂ ಮೂರನೆಯದು ಕರ್ನಾಟಕದ ಕಾಡಿಗೆ ನೇರವಾಗಿ ತಟ್ಟುವ ವಿಷಯ.

ಜರಡಿ ಎಷ್ಟು ಸಣ್ಣದು

ಅಮೆರಿಕದ ರಾಷ್ಟ್ರೀಯ ಕ್ಯಾನ್ಸರ್ ಸಂಸ್ಥೆ 1960ರಲ್ಲಿ ಅಲ್ಲಿನ ಕೃಷಿ ಇಲಾಖೆಯ ಜೊತೆಗೂಡಿ ಸಸ್ಯ ತಪಾಸಣೆಯ ದೊಡ್ಡ ಕಾರ್ಯಕ್ರಮ ಆರಂಭಿಸಿತು. 1980ರ ದಶಕದ ಆರಂಭದವರೆಗೆ ನಡೆದ ಈ ಕೆಲಸದಲ್ಲಿ ಸುಮಾರು 35,000 ಸಸ್ಯ ಮಾದರಿಗಳು ಬಂದವು; ಅವುಗಳಿಂದ 1,14,000 ಸಾರಗಳನ್ನು ತೆಗೆದು ಪರೀಕ್ಷಿಸಲಾಯಿತು. 1962ರ ಆಗಸ್ಟ್‌ನಲ್ಲಿ ಕೃಷಿ ಇಲಾಖೆಯ ಸಸ್ಯಶಾಸ್ತ್ರಜ್ಞ ಆರ್ಥರ್ ಬಾರ್ಕ್ಲೆ ವಾಷಿಂಗ್ಟನ್ ರಾಜ್ಯದ ಕಾಡಿನಲ್ಲಿ ಕೊಯ್ದು ತಂದ ಯೂ ತೊಗಟೆ ಆ ಸಾವಿರಾರು ಮಾದರಿಗಳಲ್ಲಿ ಒಂದು. ಇಷ್ಟೆಲ್ಲ ಸೋಸಿದ ಮೇಲೆ ಔಷಧ ಅಂಗಡಿಯವರೆಗೆ ಬಂದ ದೊಡ್ಡ ಹೆಸರುಗಳು ಎರಡೇ: ಯೂ ಮರದ ಟ್ಯಾಕ್ಸಾಲ್ ಮತ್ತು ಚೀನಾ ಮೂಲದ ಕ್ಯಾಂಪ್ಟೊಥೀಕಾ ಮರದಲ್ಲಿ 1966ರಲ್ಲಿ ಪತ್ತೆಯಾದ ಕ್ಯಾಂಪ್ಟೊಥೆಸಿನ್. ಎರಡನ್ನೂ ಬೇರ್ಪಡಿಸಿದ್ದು ವಾಲ್–ವಾನಿ ಜೋಡಿಯೇ. ಕ್ಯಾಂಪ್ಟೊಥೆಸಿನ್ ಇದ್ದ ರೂಪದಲ್ಲಿ ಬಳಕೆಗೆ ಬರಲಿಲ್ಲ. ಅದನ್ನು ರಾಸಾಯನಿಕವಾಗಿ ಮಾರ್ಪಡಿಸಿದ ಮೇಲಷ್ಟೇ ಔಷಧಿಯಾಯಿತು.

ಪ್ರಯೋಗಾಲಯದ ತಟ್ಟೆಯಲ್ಲಿ ಕ್ಯಾನ್ಸರ್ ಕೋಶ ಸತ್ತಿತು ಎಂಬುದಕ್ಕೂ ಮನುಷ್ಯನ ದೇಹದಲ್ಲಿ ಗೆಡ್ಡೆ ಕರಗಿತು ಎಂಬುದಕ್ಕೂ ಎಷ್ಟು ಅಂತರ ಎಂದು ತಿಳಿಯಲು ಅರಿಶಿನದ ಲೆಕ್ಕ ನೋಡಿದರೆ ಸಾಕು. ಅರಿಶಿನ ಪುಡಿಯಲ್ಲಿ ಕರ್ಕ್ಯುಮಿನ್ ಎಂಬ ಅಂಶದ ಪ್ರಮಾಣ ಸರಾಸರಿ ಶೇಕಡಾ 3ರ ಆಸುಪಾಸು. ತಟ್ಟೆಯಲ್ಲಿ ಕ್ಯಾನ್ಸರ್ ಕೋಶಗಳನ್ನು ತಡೆಯಲು ಸಾಮಾನ್ಯವಾಗಿ 5ರಿಂದ 50 ಮೈಕ್ರೊಮೋಲಾರ್ ಸಾಂದ್ರತೆ ಬೇಕು. ಬ್ರಿಟನ್ನಿನಲ್ಲಿ ನಡೆದು 2004ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ರೋಗಿಗಳಿಗೆ ದಿನಕ್ಕೆ 3.6 ಗ್ರಾಂ ಕರ್ಕ್ಯುಮಿನ್ ನುಂಗಿಸಿದರು. ಅಡುಗೆಮನೆಯ ಅಳತೆಯಲ್ಲಿ ಅದು ಸುಮಾರು 120 ಗ್ರಾಂ ಅರಿಶಿನ ಪುಡಿ. ಇಷ್ಟಾದರೂ ರಕ್ತದಲ್ಲಿ ಕಂಡದ್ದು 11 ನ್ಯಾನೊಮೋಲಾರ್ ಮಾತ್ರ. ಬೇಕಾದ ಕನಿಷ್ಠ ಮಟ್ಟದ ನಾನೂರರಲ್ಲಿ ಒಂದು ಪಾಲಿಗಿಂತಲೂ ಇದು ಕಡಿಮೆ. ಕರುಳು ಮತ್ತು ಯಕೃತ್ತು ಅದನ್ನು ರಕ್ತಕ್ಕೆ ಬಿಡುವ ಮೊದಲೇ ಬದಲಾಯಿಸಿ ಹೊರಹಾಕುತ್ತವೆ. ಕರ್ಕ್ಯುಮಿನ್ ಬಗ್ಗೆ ನಡೆದ 120ಕ್ಕೂ ಹೆಚ್ಚು ಮಾನವ ಪ್ರಯೋಗಗಳನ್ನು 2017ರಲ್ಲಿ ಪರಿಶೀಲಿಸಿದವರಿಗೆ, ರೋಗಿಗೂ ವೈದ್ಯರಿಗೂ ಗೊತ್ತಾಗದಂತೆ ನಕಲಿ ಮಾತ್ರೆಯೊಂದಿಗೆ ಹೋಲಿಸಿ ನಡೆಸಿದ ಪ್ರಯೋಗಗಳಲ್ಲಿ ಒಂದೂ ಗೆದ್ದದ್ದು ಕಾಣಲಿಲ್ಲ. ಅರಿಶಿನ ನಮ್ಮ ಸಾರಿಗೆ ಬೇಕು, ಗಾಯಕ್ಕೂ ಹಚ್ಚುತ್ತೇವೆ. ಆದರೆ ಕೀಮೊ ಬಿಟ್ಟು ಅರಿಶಿನ ಹಾಲು ಕುಡಿಯಿರಿ ಎಂದು ಸಲಹೆ ಕೊಡುವವರು ರೋಗಿಯ ಅಮೂಲ್ಯ ತಿಂಗಳುಗಳನ್ನು ಕಸಿಯುತ್ತಿದ್ದಾರೆ.

ಲಕ್ಷ್ಮಣಫಲದ ವಿಷಯದಲ್ಲಿ ನನಗೆ ಇನ್ನೂ ಹೆಚ್ಚು ಆತಂಕವಿದೆ. ಅದರ ಹಣ್ಣನ್ನೂ ಎಲೆಯ ಕಷಾಯವನ್ನೂ ಕ್ಯಾನ್ಸರಿಗೆಂದೇ ಮಾರುವವರಿದ್ದಾರೆ. ಅದರಲ್ಲಿರುವ ಅನೊನಾಸಿನ್ ಎಂಬ ಅಂಶ ನರಕೋಶಗಳಿಗೆ ವಿಷ. ಕೆರಿಬಿಯನ್ ದ್ವೀಪ ಗ್ವಾಡೆಲೂಪ್‌ನಲ್ಲಿ ಪಾರ್ಕಿನ್ಸನ್ ಹೋಲುವ ಕಾಯಿಲೆಗೂ ಈ ಹಣ್ಣು, ಕಷಾಯಗಳ ಸೇವನೆಗೂ ನಂಟಿರಬಹುದೆಂದು 1999ರಲ್ಲೇ ವೈದ್ಯರು ವರದಿ ಮಾಡಿದ್ದರು.

ಒಬ್ಬ ರೋಗಿಗೆ ಐದು ಮರ

ಟ್ಯಾಕ್ಸಾಲಿನ ಈಗಿನ ಔಷಧೀಯ ಹೆಸರು ಪ್ಯಾಕ್ಲಿಟ್ಯಾಕ್ಸೆಲ್. ಕೋಶ ಎರಡಾಗಿ ಒಡೆಯುವಾಗ ಅದರೊಳಗೆ ಸೂಕ್ಷ್ಮ ನಾಳಗಳು ಕಟ್ಟಿಕೊಳ್ಳುತ್ತವೆ, ಕೆಲಸ ಮುಗಿದ ಮೇಲೆ ಕಳಚಿಕೊಳ್ಳುತ್ತವೆ. ಪ್ಯಾಕ್ಲಿಟ್ಯಾಕ್ಸೆಲ್ ಅವು ಕಳಚದಂತೆ ಹಿಡಿದುಬಿಡುತ್ತದೆ. ಕೋಶ ಅರ್ಧಕ್ಕೇ ಸಿಕ್ಕಿಬಿದ್ದು ಸಾಯುತ್ತದೆ. 1979ರಲ್ಲಿ ಇದನ್ನು ತೋರಿಸಿದವರು ನ್ಯೂಯಾರ್ಕಿನ ಸೂಸನ್ ಹಾರ್ವಿಟ್ಜ್. ಹತ್ತು ವರ್ಷದ ಬಳಿಕ, 1989ರಲ್ಲಿ, ಜಾನ್ಸ್ ಹಾಪ್ಕಿನ್ಸ್‌ನ ವೈದ್ಯರು ಅಂಡಾಶಯ ಕ್ಯಾನ್ಸರಿನ ಫಲಿತಾಂಶ ಪ್ರಕಟಿಸಿದರು. ಬೇರೆ ಚಿಕಿತ್ಸೆಗಳನ್ನು ಪಡೆದೂ ಕಾಯಿಲೆ ಮರುಕಳಿಸಿದ್ದ 40 ಮಹಿಳೆಯರಲ್ಲಿ 12 ಮಂದಿಯ ಗೆಡ್ಡೆ ಕುಗ್ಗಿತ್ತು. ನೂರಕ್ಕೆ ಮೂವತ್ತು. ಬೇರೇನೂ ಉಳಿದಿರದಿದ್ದ ಆ ಹೆಂಗಸರಿಗೆ ಅದು ಸಣ್ಣ ಸಂಖ್ಯೆಯಲ್ಲ. ಎಲ್ಲರೂ ಟ್ಯಾಕ್ಸಾಲ್ ಕೇಳತೊಡಗಿದರು. ಆಗ ತೊಗಟೆಯ ಲೆಕ್ಕ ಎದುರಿಗೆ ಬಂತು.

ದೊಡ್ಡ ಪ್ರಮಾಣದಲ್ಲಿ ತೆಗೆಯುವಾಗ 1 ಕಿಲೊ ಔಷಧಿಗೆ ಸುಮಾರು 10,000 ಕಿಲೊ ಒಣ ತೊಗಟೆ, ಅಂದರೆ ಸುಮಾರು 3,000 ಮರ ಬೇಕೆಂಬುದು ಆಗಿನ ಅಂದಾಜು. ಇದನ್ನು ಒಬ್ಬ ರೋಗಿಯ ಮಟ್ಟಕ್ಕೆ ಇಳಿಸೋಣ. ಕೀಮೊ ಪ್ರಮಾಣವನ್ನು ದೇಹದ ಮೇಲ್ಮೈ ವಿಸ್ತೀರ್ಣದ ಮೇಲೆ ಲೆಕ್ಕ ಹಾಕುತ್ತಾರೆ. 160 ಸೆಂಟಿಮೀಟರ್ ಎತ್ತರ, 58 ಕಿಲೊ ತೂಕದ ಹೆಂಗಸಿನ ವಿಸ್ತೀರ್ಣ ಸುಮಾರು 1.6 ಚದರ ಮೀಟರ್. ಮೂರು ವಾರಕ್ಕೊಮ್ಮೆ ಚದರ ಮೀಟರಿಗೆ 175 ಮಿಲಿಗ್ರಾಂನಂತೆ ಕೊಟ್ಟರೆ ಒಂದು ಸಲಕ್ಕೆ 280 ಮಿಲಿಗ್ರಾಂ, ಆರು ಸಲಕ್ಕೆ 1.68 ಗ್ರಾಂ. ತೊಗಟೆಯ ಲೆಕ್ಕದಲ್ಲಿ ಅದು 16.8 ಕಿಲೊ, ಮರದ ಲೆಕ್ಕದಲ್ಲಿ ಐದು. ಪೆಸಿಫಿಕ್ ಯೂ ದೊಡ್ಡ ಮರಗಳ ನೆರಳಲ್ಲಿ ಬಹಳ ನಿಧಾನವಾಗಿ ಬೆಳೆಯುವ ಗಿಡ್ಡ ಮರ. ಬಲಿಯಲು ನೂರಾರು ವರ್ಷ ಹಿಡಿಯುತ್ತದೆ. ತೊಗಟೆಯನ್ನು ಸುತ್ತಲೂ ಸುಲಿದರೆ ಮರ ಉಳಿಯುವುದಿಲ್ಲ. ಅಮೆರಿಕದ ಅಂಡಾಶಯ ಕ್ಯಾನ್ಸರ್ ಮತ್ತು ಮೆಲನೋಮಾ ರೋಗಿಗಳೆಲ್ಲರಿಗೂ ಕೊಡಬೇಕಾದರೆ ವರ್ಷಕ್ಕೆ 3,60,000 ಮರ ಬೇಕಾಗಬಹುದು ಎಂಬ ಅಂದಾಜು 1980ರ ದಶಕದ ಕೊನೆಯಲ್ಲಿ ಓಡಾಡುತ್ತಿತ್ತು. ಅದಕ್ಕೂ ಮೊದಲು ಇದೇ ಮರಕ್ಕೆ ಬೆಲೆಯೇ ಇರಲಿಲ್ಲ. ನಾಟಾ ಕಡಿಯುವವರು ಅದನ್ನು ಕಸದ ರಾಶಿಯೊಂದಿಗೆ ಸುಡುತ್ತಿದ್ದರು.

ಪ್ರಮಾಣದ ಲೆಕ್ಕ ಔಷಧಿ ತಯಾರಿಸುವ ಮೇಜಿನ ಮೇಲೂ ಮುಂದುವರಿಯುತ್ತದೆ. ಪ್ಯಾಕ್ಲಿಟ್ಯಾಕ್ಸೆಲ್ ಮಿಲಿಲೀಟರಿಗೆ 6 ಮಿಲಿಗ್ರಾಂ ಇರುವ ದ್ರಾವಣವಾಗಿ ಬರುತ್ತದೆ. 100 ಮಿಲಿಗ್ರಾಂ ಸೀಸೆಯಲ್ಲಿ ಇರುವುದು 16.7 ಮಿಲಿಲೀಟರ್. ನೀರಿನಲ್ಲಿ ಕರಗದ ವಸ್ತುವಾದ್ದರಿಂದ ಹರಳೆಣ್ಣೆಯಿಂದ ಮಾಡಿದ ಕ್ರೆಮಫೋರ್ ಎಂಬ ದ್ರಾವಕ ಮತ್ತು ಆಲ್ಕೋಹಾಲಿನಲ್ಲಿ ಅದನ್ನು ಕರಗಿಸಿರುತ್ತಾರೆ. ಆ ದ್ರಾವಕ ಕೆಲವರಿಗೆ ತೀವ್ರ ಅಲರ್ಜಿ ತರುತ್ತದೆ; ಡ್ರಿಪ್ ಹಾಕುವ ಮುನ್ನ ಸ್ಟಿರಾಯ್ಡ್ ಕೊಡುವುದು ಅದಕ್ಕಾಗಿಯೇ. ಮೇಲೆ ಹೇಳಿದ ರೋಗಿಗೆ 280 ಮಿಲಿಗ್ರಾಂ ಬೇಕು. ಮೂರು 100ರ ಸೀಸೆ ಒಡೆದರೆ 20 ಮಿಲಿಗ್ರಾಂ ಉಳಿಯುತ್ತದೆ. ಅಂದು ತೊಗಟೆಯಿಂದಲೇ ತೆಗೆಯುತ್ತಿದ್ದ ಕಾಲದ ದರದಲ್ಲಿ ಆ ಉಳಿಕೆ 200 ಗ್ರಾಂ ತೊಗಟೆಗೆ ಸಮ. 260ರದ್ದೊಂದು, 30ರದ್ದೊಂದು ತೆಗೆದರೆ ಉಳಿಕೆ ಅರ್ಧಕ್ಕಿಳಿದು 10 ಮಿಲಿಗ್ರಾಂ ಆಗುತ್ತದೆ. ಒಂದೇ ದಿನ ಹಲವರಿಗೆ ಕೀಮೊ ಕೊಡುವ ಕಡೆ ಒಂದೇ ಔಷಧಿಯ ರೋಗಿಗಳನ್ನು ಒಟ್ಟಿಗೆ ಕರೆದು ಸೀಸೆ ಹಂಚಿಕೊಂಡರೆ ಉಳಿಕೆಯೇ ಇರುವುದಿಲ್ಲ. ಬಿಲ್ಲು ತೆರುವ ಮನೆಯವರಿಗೆ ಈ ಲೆಕ್ಕ ಯಾರೂ ಹೇಳುವುದಿಲ್ಲ. ಕೇಳಿದರೆ ತಪ್ಪೇನಿಲ್ಲ.

ತೊಗಟೆಯಿಂದ ಎಲೆಗೆ

ಯೂ ಮರವನ್ನು ಉಳಿಸಿದ್ದು ಎಲೆ. ಫ್ರಾನ್ಸಿನ ಜಿಫ್-ಸುರ್-ಇವೆಟ್‌ನಲ್ಲಿ ಪಿಯರ್ ಪೊಟಿಯೆ ಮತ್ತು ಸಂಗಡಿಗರು ಯೂರೋಪಿನ ಯೂ ಮರದ ಎಲೆಯಲ್ಲಿ 10-ಡಿಅಸಿಟೈಲ್‌ಬಕಾಟಿನ್ ಎಂಬ ವಸ್ತು ಹೇರಳವಾಗಿರುವುದನ್ನು ಕಂಡರು: ಒಂದು ಕಿಲೊ ಹಸಿ ಎಲೆಗೆ ಸುಮಾರು ಒಂದು ಗ್ರಾಂ. ಟ್ಯಾಕ್ಸಾಲಿನ ಅಣುವಿನ ದೊಡ್ಡ ಭಾಗ ಅದರಲ್ಲಿ ಆಗಲೇ ಕಟ್ಟಿಕೊಂಡಿದೆ. ಪಕ್ಕದ ಒಂದು ಸರಪಳಿಯನ್ನು ಪ್ರಯೋಗಾಲಯದಲ್ಲಿ ಜೋಡಿಸಿದರೆ ಸಾಕು. ಫ್ಲಾರಿಡಾ ಸ್ಟೇಟ್ ವಿಶ್ವವಿದ್ಯಾಲಯದ ರಾಬರ್ಟ್ ಹಾಲ್ಟನ್ ಈ ಜೋಡಣೆಯನ್ನು ಕಾರ್ಖಾನೆಗೆ ಒಗ್ಗುವಂತೆ ಸುಲಭ ಮಾಡಿದರು. ಸರಪಳಿ ಸೇರುವುದರಿಂದ ತೂಕ ಹೆಚ್ಚುತ್ತದೆ. ಅಣುತೂಕದ ಪ್ರಕಾರ 1 ಗ್ರಾಂ ಎಲೆಯ ವಸ್ತುವಿನಿಂದ ನಷ್ಟವೇ ಇಲ್ಲದಿದ್ದರೆ 1.57 ಗ್ರಾಂ ಪ್ಯಾಕ್ಲಿಟ್ಯಾಕ್ಸೆಲ್ ಆಗಬೇಕು. ನಡುವೆ ಐದರಲ್ಲೊಂದು ಪಾಲು ಹೋಯಿತೆಂದು ಹಿಡಿದರೂ ಆರು ಸಲದ 1.68 ಗ್ರಾಂ ಔಷಧಿಗೆ ಬೇಕಾಗುವುದು 1.3 ಕಿಲೊ ಹಸಿ ಎಲೆ. ಐದು ಮರದ ಸಾವು ಒಂದು ಹೊರೆಯೂ ಆಗದಷ್ಟು ಎಲೆಗೆ ಇಳಿಯಿತು. ಅದೂ ಬೇಲಿಯ ಗಿಡ ಕತ್ತರಿಸಿದಂತೆ ಕತ್ತರಿಸಿ, ಮುಂದಿನ ವರ್ಷ ಮತ್ತೆ ಕೊಯ್ಯಬಹುದಾದ ಎಲೆ. ಇದೇ ವಸ್ತುವಿನಿಂದ ಪೊಟಿಯೆ ತಂಡ ಡೋಸಿಟ್ಯಾಕ್ಸೆಲ್ ಎಂಬ ಇನ್ನೊಂದು ಔಷಧಿಯನ್ನೂ ಮಾಡಿತು. ಮುಂದೆ 2000ದ ದಶಕದಲ್ಲಿ ತಯಾರಕರು ಎಲೆಯನ್ನೂ ಬಿಟ್ಟು, ಯೂ ಕೋಶಗಳನ್ನು ತೊಟ್ಟಿಗಳಲ್ಲಿ ಬೆಳೆಸಿ ಔಷಧಿ ತೆಗೆಯುವ ದಾರಿ ಹಿಡಿದರು.

ಕಚ್ಚಾವಸ್ತು ಹೀಗೆ ಅಗ್ಗವಾದರೂ ರೋಗಿಯ ಬಿಲ್ಲು ಅದೇ ವೇಗದಲ್ಲಿ ಇಳಿಯಲಿಲ್ಲ. ಟ್ಯಾಕ್ಸಾಲಿಗೆ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿದ್ದು 1992ರ ಡಿಸೆಂಬರ್‌ನಲ್ಲಿ. ಮಾರಾಟದ ಹಕ್ಕು ಆಗ ಬ್ರಿಸ್ಟಲ್-ಮೈಯರ್ಸ್ ಸ್ಕ್ವಿಬ್ ಕಂಪನಿಯದಾಗಿತ್ತು. ಅಮೆರಿಕ ಸಂಸತ್ತಿನ ಲೆಕ್ಕ ಪರಿಶೋಧನಾ ಕಚೇರಿ 2003ರಲ್ಲಿ ಕೊಟ್ಟ ವರದಿ ಇಲ್ಲಿ ಓದಲೇಬೇಕಾದ್ದು. 2002ರವರೆಗೆ ಟ್ಯಾಕ್ಸಾಲ್ ಸಂಬಂಧಿ ಸಂಶೋಧನೆಗೆ ಸರ್ಕಾರಿ ಆರೋಗ್ಯ ಸಂಸ್ಥೆಗಳು ಹಾಕಿದ್ದು 48.4 ಕೋಟಿ ಡಾಲರ್. ಅದೇ ಅವಧಿಯವರೆಗೆ ಕಂಪನಿಯ ಮಾರಾಟ 900 ಕೋಟಿ ಡಾಲರ್. ಸರ್ಕಾರಕ್ಕೆ ಮರಳಿ ಬಂದ ರಾಯಧನ 3.5 ಕೋಟಿ ಡಾಲರ್, ಮಾರಾಟದ ಶೇಕಡಾ ಅರ್ಧಕ್ಕಿಂತಲೂ ಕಡಿಮೆ. ಇನ್ನೊಂದೆಡೆ ವೃದ್ಧರ ಸರ್ಕಾರಿ ವಿಮೆಯಾದ ಮೆಡಿಕೇರ್ 1994ರಿಂದ 1999ರವರೆಗೆ ಈ ಒಂದೇ ಔಷಧಿಗೆ 68.7 ಕೋಟಿ ಡಾಲರ್ ತೆತ್ತಿತ್ತು. ಜನರ ಹಣದಿಂದ ಹುಡುಕಿದ, ಜನರ ಕಾಡಿನಿಂದ ಸುಲಿದ ಔಷಧಿಯನ್ನು ಜನರ ಹಣದಿಂದಲೇ ಮತ್ತೆ ಕೊಂಡದ್ದು ಇದು. ಒಂದು ದೇಶ ತನ್ನ ಕಾಡಿನ ಔಷಧಿಯ ಒಪ್ಪಂದಕ್ಕೆ ಕೂರುವ ಮೊದಲು ಈ ನಾಲ್ಕು ಸಂಖ್ಯೆಗಳನ್ನು ಮೇಜಿನ ಮೇಲಿಟ್ಟುಕೊಳ್ಳಬೇಕು.

ಭಾರತದಲ್ಲಿ ಪ್ಯಾಕ್ಲಿಟ್ಯಾಕ್ಸೆಲ್, ಡೋಸಿಟ್ಯಾಕ್ಸೆಲ್, ವಿನ್‌ಕ್ರಿಸ್ಟಿನ್‌ಗಳು ಅಗತ್ಯ ಔಷಧಿಗಳ ರಾಷ್ಟ್ರೀಯ ಪಟ್ಟಿಯಲ್ಲಿವೆ. ಪಟ್ಟಿಯಲ್ಲಿದ್ದರೆ ಗರಿಷ್ಠ ಬೆಲೆಯನ್ನು ಸರ್ಕಾರ ನಿಗದಿ ಮಾಡುತ್ತದೆ. ಪಟ್ಟಿಯ ಹೊರಗಿದ್ದ 42 ಕ್ಯಾನ್ಸರ್ ಔಷಧಿಗಳ ಮೇಲೆ 2019ರ ಫೆಬ್ರುವರಿಯಲ್ಲಿ ಇನ್ನೊಂದು ಕಡಿವಾಣ ಬಿತ್ತು: ಕಾರ್ಖಾನೆಯ ಬಾಗಿಲಿನಿಂದ ರೋಗಿಯ ಕೈಗೆ ಬರುವವರೆಗಿನ ವ್ಯಾಪಾರಿ ಲಾಭ ಶೇಕಡಾ 30 ಮೀರುವಂತಿಲ್ಲ. ಮರುತಿಂಗಳು ಹೊರಬಿದ್ದ ಪಟ್ಟಿಯಲ್ಲಿ 390 ಬ್ರಾಂಡುಗಳ ಬೆಲೆ ಇಳಿದಿತ್ತು; ಕೆಲವು ಶೇಕಡಾ 87ರವರೆಗೂ. ಲಾಭಕ್ಕೊಂದು ಮಿತಿ ಹಾಕಿದ್ದಕ್ಕೇ ಸೀಸೆಯ ಬೆಲೆ ಇಷ್ಟು ಕುಸಿಯುತ್ತದೆ ಎಂದರೆ, ಅದುವರೆಗೆ ರೋಗಿ ತೆರುತ್ತಿದ್ದ ಹಣದ ದೊಡ್ಡ ಪಾಲು ಔಷಧಿಯ ಬೆಲೆಯಾಗಿರಲಿಲ್ಲ.

ನಿತ್ಯಪುಷ್ಪದ ನಾಲ್ಕು ಕಿಲೊ

ನಮ್ಮಲ್ಲಿ ಮನೆಯಂಗಳಕ್ಕೂ ಗುಡಿಯ ಅಂಗಳಕ್ಕೂ ಹೊಂದಿಕೊಂಡಿರುವ ನಿತ್ಯಪುಷ್ಪ, ಕೆಲವೆಡೆ ಕಾಶಿ ಕಣಗಿಲೆ ಎಂದು ಕರೆಯುವ ಗಿಡ, ಮೂಲತಃ ಮಡಗಾಸ್ಕರಿನದು. ಅದರ ಕ್ಯಾನ್ಸರ್ ಗುಣ ಪತ್ತೆಯಾದದ್ದು ಸಕ್ಕರೆ ಕಾಯಿಲೆಯ ದಾರಿಯಲ್ಲಿ. ಜಮೈಕಾದ ಜನ ಇದರ ಎಲೆಯ ಕಷಾಯವನ್ನು ಸಕ್ಕರೆ ಕಾಯಿಲೆಗೆ ಕುಡಿಯುತ್ತಿದ್ದರು. 1952ರಲ್ಲಿ ಅಲ್ಲಿಂದ 25 ಎಲೆಗಳು ಲಕೋಟೆಯಲ್ಲಿ ಕೆನಡಾದ ವೈದ್ಯ ಕ್ಲಾರ್ಕ್ ನೋಬಲ್ ಅವರಿಗೆ ತಲುಪಿ, ಅವರಿಂದ ವೆಸ್ಟರ್ನ್ ಒಂಟಾರಿಯೊ ವಿಶ್ವವಿದ್ಯಾಲಯದಲ್ಲಿದ್ದ ತಮ್ಮ ರಾಬರ್ಟ್ ನೋಬಲ್ ಕೈ ಸೇರಿದವು. ಸಾರವನ್ನು ಇಲಿಗಳಿಗೆ ಕೊಟ್ಟರೆ ಸಕ್ಕರೆ ಇಳಿಯಲಿಲ್ಲ. ಬಿಳಿ ರಕ್ತಕಣಗಳು ಇಳಿದವು. ಬಿಳಿ ಕಣ ಮಿತಿಮೀರುವುದೇ ರಕ್ತದ ಕ್ಯಾನ್ಸರ್ ಎಂದು ಅವರಿಗೆ ಹೊಳೆಯಿತು. 1958ರಲ್ಲಿ ನೋಬಲ್ ಮತ್ತು ಚಾರ್ಲ್ಸ್ ಬಿಯರ್ ವಿನ್‌ಬ್ಲಾಸ್ಟಿನ್ ಎಂಬ ಆಲ್ಕಲಾಯ್ಡನ್ನು ಬೇರ್ಪಡಿಸಿದ ಸುದ್ದಿ ಹೊರಬಿತ್ತು. ಎಲಿ ಲಿಲ್ಲಿ ಕಂಪನಿಯ ಗಾರ್ಡನ್ ಸ್ವೊಬೊಡ ಅದರ ಜೊತೆಗಾರ ವಿನ್‌ಕ್ರಿಸ್ಟಿನ್ ಅನ್ನು ಕಂಡುಕೊಂಡರು. 1963ರಲ್ಲಿ ಅದಕ್ಕೆ ಅಮೆರಿಕದ ಒಪ್ಪಿಗೆ ಸಿಕ್ಕಿತು. ಮಕ್ಕಳ ರಕ್ತದ ಕ್ಯಾನ್ಸರಿನ ಚಿಕಿತ್ಸೆಯಲ್ಲಿ ಬೇರೆ ಔಷಧಿಗಳ ಜೊತೆ ಅದು ಇಂದಿಗೂ ಇದೆ. ಆ ಕಾಯಿಲೆ ಬಂದರೆ ಮಗು ಉಳಿಯದು ಎಂದೇ ಹೇಳುತ್ತಿದ್ದ ಕಾಲವೊಂದಿತ್ತು. ಚಿಕಿತ್ಸೆ ಪೂರ್ಣವಾಗಿ ಸಿಗುವ ದೇಶಗಳಲ್ಲಿ ಈಗ ಹತ್ತರಲ್ಲಿ ಒಂಬತ್ತು ಮಕ್ಕಳು ಬದುಕುತ್ತಾರೆ.

ಈ ಗಿಡದ ಲೆಕ್ಕ ಯೂ ತೊಗಟೆಗಿಂತ ಬಿಗಿ. 1 ಗ್ರಾಂ ವಿನ್‌ಬ್ಲಾಸ್ಟಿನ್‌ಗೆ ಸುಮಾರು 500 ಕಿಲೊ ಒಣ ಎಲೆ ಬೇಕು. 1 ಗ್ರಾಂ ವಿನ್‌ಕ್ರಿಸ್ಟಿನ್‌ಗೆ ಸುಮಾರು 2,000 ಕಿಲೊ. ಇಷ್ಟು ವಿರಳವಾದರೂ ಔಷಧಿ ಕೈಗೆಟುಕಲು ಕಾರಣ ಅದರ ಪ್ರಮಾಣ ಚಿಕ್ಕದಿರುವುದು. ಪ್ಯಾಕ್ಲಿಟ್ಯಾಕ್ಸೆಲ್ ನೂರಾರು ಮಿಲಿಗ್ರಾಂ ಬೇಕಾದ ಕಡೆ ವಿನ್‌ಕ್ರಿಸ್ಟಿನ್ ವಯಸ್ಕರಿಗೂ ಒಂದು ಸಲಕ್ಕೆ ಸಾಮಾನ್ಯವಾಗಿ 2 ಮಿಲಿಗ್ರಾಂ ದಾಟುವಂತಿಲ್ಲ. ದಾಟಿದರೆ ನರಗಳಿಗೆ ಪೆಟ್ಟು. ಆ 2 ಮಿಲಿಗ್ರಾಂಗೆ 4 ಕಿಲೊ ಒಣ ಎಲೆ. 120 ಸೆಂಟಿಮೀಟರ್ ಎತ್ತರ, 20 ಕಿಲೊ ತೂಕದ ಮಗುವಿಗೆ ಚದರ ಮೀಟರಿಗೆ 1.5 ಮಿಲಿಗ್ರಾಂ ದರದಲ್ಲಿ 1.2 ಮಿಲಿಗ್ರಾಂ, ಅಂದರೆ 2.4 ಕಿಲೊ ಎಲೆ. ಚಿಕಿತ್ಸೆಯ ಮೊದಲ ತಿಂಗಳು ವಾರಕ್ಕೊಂದರಂತೆ ನಾಲ್ಕು ಸಲ ಕೊಟ್ಟರೆ 9.6 ಕಿಲೊ. ವಿನ್‌ಬ್ಲಾಸ್ಟಿನ್ ಗಿಡದಲ್ಲಿ ಹೆಚ್ಚು ಸಿಗುವುದರಿಂದ ಅದನ್ನೇ ರಾಸಾಯನಿಕ ಕ್ರಿಯೆಯಿಂದ ವಿನ್‌ಕ್ರಿಸ್ಟಿನ್ ಆಗಿ ಬದಲಿಸುವ ದಾರಿಯೂ ಇದೆ. ಹಾಗೆ ಮಾಡಿದರೆ ಎಲೆಯ ತೂಕ ಕಾಲುಭಾಗದ ಹತ್ತಿರಕ್ಕೆ ಇಳಿಯುತ್ತದೆ.

ಸಕ್ಕರೆ ಕಾಯಿಲೆಗೆಂದು ಬೆಳಿಗ್ಗೆ ಬರಿಹೊಟ್ಟೆಯಲ್ಲಿ ನಿತ್ಯಪುಷ್ಪದ ಎಲೆ ಜಗಿಯುವವರು ನಮ್ಮಲ್ಲಿ ಇಂದಿಗೂ ಇದ್ದಾರೆ. ಅದೇ ಎಲೆ ಕ್ಯಾನ್ಸರಿಗೂ ಆಗುತ್ತದಂತೆ ಎಂಬ ಮಾತು ಅಲ್ಲಿಂದ ಒಂದೇ ಹೆಜ್ಜೆ. ನಾಲ್ಕೈದು ಎಲೆಯಲ್ಲಿ ಔಷಧಿಯ ಅಂಶ ಇಲ್ಲವೆನ್ನುವಷ್ಟು ಕಡಿಮೆ. ಅದರ ಬದಲು ಗಿಡದಲ್ಲಿರುವ ನೂರಕ್ಕೂ ಹೆಚ್ಚು ಇತರ ಆಲ್ಕಲಾಯ್ಡುಗಳು ಹೊಟ್ಟೆ ಸೇರುತ್ತವೆ. ವಿನ್‌ಕ್ರಿಸ್ಟಿನ್ ರಕ್ತನಾಳದ ಮೂಲಕ ಮಾತ್ರ ಕೊಡುವ ಔಷಧಿ. ಸೂಜಿ ಜಾರಿ ಸುತ್ತಲ ಮಾಂಸಕ್ಕೆ ಹೋದರೆ ಅಲ್ಲಿ ಹುಣ್ಣಾಗುತ್ತದೆ. ತಪ್ಪಿ ಬೆನ್ನುಹುರಿಯ ದ್ರವಕ್ಕೆ ಹೋದರೆ ಪ್ರಾಣವನ್ನೇ ತೆಗೆಯುತ್ತದೆ. ಅದಕ್ಕಾಗಿಯೇ ಅದನ್ನು ಸಿರಿಂಜಿನಲ್ಲಿ ತುಂಬಿಡದೆ ಸಣ್ಣ ಡ್ರಿಪ್ ಚೀಲದಲ್ಲಿ ಕೊಡಿ ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳಿರುವುದು. ಮಿಲಿಗ್ರಾಂನಲ್ಲಿ ಎಣಿಸುವ ಇಂಥ ವಸ್ತುವನ್ನು ಹಿಡಿ ಎಲೆಯಲ್ಲಿ ಅಳೆಯಲು ಬರುವುದಿಲ್ಲ.

ಎಲೆಯ ಅವಲಂಬನೆ ತಪ್ಪಿಸುವ ಯತ್ನವೂ ನಡೆದಿದೆ. ಡೆನ್ಮಾರ್ಕ್ ಮತ್ತು ಅಮೆರಿಕದ ಸಂಶೋಧಕರು 2022ರಲ್ಲಿ ಬ್ರೆಡ್ಡಿಗೆ ಹಾಕುವ ಯೀಸ್ಟಿನೊಳಗೆ ಗಿಡಗಳ 34 ವಂಶವಾಹಿಗಳನ್ನು ಸೇರಿಸಿ, ಒಟ್ಟು 56 ಬದಲಾವಣೆ ಮಾಡಿ, ವಿನ್‌ಬ್ಲಾಸ್ಟಿನ್ ಅಣುವಿನ ಎರಡು ಅರ್ಧಗಳನ್ನು ಅದರಿಂದ ಮಾಡಿಸಿದರು. ಇಳುವರಿ ಲೀಟರಿಗೆ ಮೈಕ್ರೊಗ್ರಾಂ ಲೆಕ್ಕದಲ್ಲಿತ್ತು, ಮಿಲಿಗ್ರಾಂ ದಾಟಿರಲಿಲ್ಲ. ಹೊಲದ ಬೆಳೆ ಕೈಬಿಡುವ ಕಾಲ ಇನ್ನೂ ಬಂದಿಲ್ಲ.

ಘಟ್ಟದ ದುರ್ವಾಸನೆ ಮರ

ಇನ್ನು ನಮ್ಮ ಕಾಡಿನ ಲೆಕ್ಕ. ವಾಲ್ ಮತ್ತು ವಾನಿ ಕ್ಯಾಂಪ್ಟೊಥೆಸಿನ್ ಅನ್ನು ಚೀನಾದ ಮರದಲ್ಲಿ ಕಂಡ ಆರು ವರ್ಷಕ್ಕೆ, 1972ರಲ್ಲಿ, ಟಿ.ಆರ್. ಗೋವಿಂದಾಚಾರಿ ಮತ್ತು ಎನ್. ವಿಶ್ವನಾಥನ್ ಅದೇ ವಸ್ತುವನ್ನು ಪಶ್ಚಿಮ ಘಟ್ಟದ ಒಂದು ಸಣ್ಣ ಮರದಲ್ಲಿ ಗುರುತಿಸಿದರು. ಸಸ್ಯಶಾಸ್ತ್ರದಲ್ಲಿ ಅದು ನೊಥಾಪೊಡೈಟಿಸ್ ನಿಮ್ಮೊನಿಯಾನಾ. ಹೂವಿಗೆ, ಜಜ್ಜಿದ ಎಲೆಗೆ ಕೆಟ್ಟ ವಾಸನೆ. ಹಾಗಾಗಿ ಕನ್ನಡದಲ್ಲಿ ದುರ್ವಾಸನೆ ಮರ, ಮರಾಠಿಯಲ್ಲಿ ನರಕ್ಯಾ. ಮಹಾರಾಷ್ಟ್ರದಿಂದ ಕೇರಳದವರೆಗೆ ಘಟ್ಟದುದ್ದಕ್ಕೂ, ನಮ್ಮಲ್ಲಿ ಉತ್ತರ ಕನ್ನಡದಿಂದ ಕೊಡಗಿನವರೆಗೆ ಇದು ಹಬ್ಬಿದೆ. ಸೌದೆಗೂ ಬೇಡವಾಗಿದ್ದ ಈ ಮರದಲ್ಲಿ ಕ್ಯಾಂಪ್ಟೊಥೆಸಿನ್ ಒಣ ತೂಕದ ಶೇಕಡಾ 0.1ರಷ್ಟಿತ್ತು. ಚೀನಾದ ಮರದ ತೊಗಟೆಯಲ್ಲಿ ಆಗ ಸಿಗುತ್ತಿದ್ದುದಕ್ಕಿಂತ ಇದು ಹಲವು ಪಟ್ಟು. ಮುಂದಿನ ಅಧ್ಯಯನಗಳಲ್ಲಿ ಶೇಕಡಾ 0.3ರ ಅಂಕಿಯೂ ಬಂತು.

ಮೊದಮೊದಲು ಇದಕ್ಕೆ ಬೇಡಿಕೆ ಇರಲಿಲ್ಲ. 1970ರ ದಶಕದ ಆರಂಭದಲ್ಲಿ ಕ್ಯಾಂಪ್ಟೊಥೆಸಿನ್ನಿನ ಸೋಡಿಯಂ ಲವಣವನ್ನು ರೋಗಿಗಳ ಮೇಲೆ ಪ್ರಯೋಗಿಸಿದಾಗ ಮೂತ್ರಕೋಶದಲ್ಲಿ ರಕ್ತಸ್ರಾವವಾಗಿ ಕೆಲಸ ನಿಂತುಹೋಗಿತ್ತು. 1985ರಲ್ಲಿ ಅದು ಕೋಶದ ಯಾವ ಕಿಣ್ವವನ್ನು ಹಿಡಿಯುತ್ತದೆ ಎಂದು ತಿಳಿದ ಮೇಲೆ ಆಸಕ್ತಿ ಮರಳಿತು. 1996ರಲ್ಲಿ ಅದರಿಂದ ರೂಪಿಸಿದ ಎರಡು ಔಷಧಿಗಳಿಗೆ ಅಮೆರಿಕದಲ್ಲಿ ಒಪ್ಪಿಗೆ ದೊರೆಯಿತು: ಅಂಡಾಶಯ ಕ್ಯಾನ್ಸರಿಗೆ ಟೊಪೊಟೆಕಾನ್, ದೊಡ್ಡ ಕರುಳಿನ ಕ್ಯಾನ್ಸರಿಗೆ ಇರಿನೊಟೆಕಾನ್. ಅಲ್ಲಿಂದ ಘಟ್ಟದಲ್ಲಿ ಈ ಮರದ ಚಕ್ಕೆಗೆ ಗಿರಾಕಿಗಳು ಹುಟ್ಟಿಕೊಂಡರು. ಮಹಾರಾಷ್ಟ್ರದ ಘಟ್ಟದ ಜಿಲ್ಲೆಗಳಲ್ಲಿ ನರಕ್ಯಾ ಅಕ್ರಮ ಸಾಗಣೆ ಅರಣ್ಯ ಇಲಾಖೆಗೆ ತಲೆನೋವಾಯಿತು. ಔಷಧಿಯ ಅಂಶ ಬೇರಿನಲ್ಲಿ ಹೆಚ್ಚು ಇರುವುದರಿಂದ ಕಡಿಯುವವರು ಬುಡಸಮೇತ ಅಗೆದರು.

ಈ ಮರ ಎಷ್ಟು ಉದಾರಿ ಎಂಬುದನ್ನು ಒಂದು ಲೆಕ್ಕದಲ್ಲಿ ನೋಡಬಹುದು. ಮೇಲಿನ 1.6 ಚದರ ಮೀಟರಿನ ರೋಗಿಗೇ ಇರಿನೊಟೆಕಾನ್ ಕೊಡುವುದಾದರೆ, ಮೂರು ವಾರಕ್ಕೊಮ್ಮೆ ಚದರ ಮೀಟರಿಗೆ 350 ಮಿಲಿಗ್ರಾಂ ದರದಲ್ಲಿ ಒಂದು ಸಲಕ್ಕೆ 560 ಮಿಲಿಗ್ರಾಂ. ಅಣುತೂಕದ ಪ್ರಕಾರ ಅದರಲ್ಲಿ ಕ್ಯಾಂಪ್ಟೊಥೆಸಿನ್ನಿನ ಪಾಲು ಸುಮಾರು 288 ಮಿಲಿಗ್ರಾಂ. ಚಕ್ಕೆಯಿಂದ ಸೀಸೆಗೆ ಬರುವ ದಾರಿಯಲ್ಲಿ ಅರ್ಧದಷ್ಟು ನಷ್ಟವೆಂದು ನಾನು ಹಿಡಿದಿದ್ದೇನೆ. ಹಾಗಾದರೆ 576 ಮಿಲಿಗ್ರಾಂ ಬೇಕು. ಶೇಕಡಾ 0.1 ಇರುವ ಮರದಿಂದ ಅದಕ್ಕೆ 576 ಗ್ರಾಂ ಚಕ್ಕೆ ಸಾಕು, ಶೇಕಡಾ 0.3 ಇದ್ದರೆ 192 ಗ್ರಾಂ. ಯೂ ತೊಗಟೆಯಲ್ಲಿ ಒಂದು ಸಲದ ಔಷಧಿಗೆ 2.8 ಕಿಲೊ ಬೇಕಾಗಿತ್ತು ಎಂಬುದನ್ನು ಪಕ್ಕದಲ್ಲಿಟ್ಟು ನೋಡಿ, ಅದೂ ಇರಿನೊಟೆಕಾನಿನ ಪ್ರಮಾಣ ಅದರ ಎರಡು ಪಟ್ಟಿದ್ದರೂ. ಒಂದು ಟನ್ ಚಕ್ಕೆಯ ಮಟ್ಟದಲ್ಲಿ ಹೇಳುವುದಾದರೆ, ಬಡ ಮರದ ಟನ್ನಿನಲ್ಲಿ ಸುಮಾರು 1,700 ಸಲದ ಔಷಧಿ, ಸಿರಿವಂತ ಮರದ ಟನ್ನಿನಲ್ಲಿ 5,200 ಸಲದ ಔಷಧಿ. ಅದೇ ಟನ್ನು, ಅದೇ ಕೊಡಲಿ, ಅದೇ ಲಾರಿ. ಫಲದಲ್ಲಿ ಮೂರು ಪಟ್ಟು ವ್ಯತ್ಯಾಸ.

ಈ ವ್ಯತ್ಯಾಸದ ಬೆನ್ನು ಹತ್ತಿದವರು ಬೆಂಗಳೂರಿನ ಕೃಷಿ ವಿಶ್ವವಿದ್ಯಾಲಯದ ಆರ್. ಉಮಾಶಂಕರ್ ಮತ್ತು ಸಂಗಡಿಗರು. ಘಟ್ಟದುದ್ದಕ್ಕೂ ಬೇರೆ ಬೇರೆ ಕಾಡುಗಳ ಮರಗಳಿಂದ ಮಾದರಿ ತೆಗೆದು ಒಂದೊಂದರ ಅಂಶವನ್ನೂ ಅಳೆದು 2008ರಲ್ಲಿ ಫಲಿತಾಂಶ ಪ್ರಕಟಿಸಿದರು. ಒಂದು ಕಾಡಿನ ಮರಗಳಿಗೂ ಇನ್ನೊಂದು ಕಾಡಿನ ಮರಗಳಿಗೂ ಅಂತರ ಇತ್ತು; ಒಂದೇ ಕಾಡಿನ ಪಕ್ಕಪಕ್ಕದ ಮರಗಳಲ್ಲೂ ಇತ್ತು. ಕೆಲವು ಮರಗಳಲ್ಲಿ ಅಂಶ ಸಾಮಾನ್ಯ ಮಟ್ಟಕ್ಕಿಂತ ಹಲವು ಪಟ್ಟು ಹೆಚ್ಚಿತ್ತು. ಇಂಥ ಮರಗಳಿಂದ ಸಸಿ ಎಬ್ಬಿಸಿ ತೋಟ ಮಾಡಿದರೆ ಕಾಡನ್ನು ಮುಟ್ಟಬೇಕಾಗಿಲ್ಲ. ಅದೇ ತಂಡ ಈ ಮರದ ಬಳಗದ ಇತರ ಸಸ್ಯಗಳನ್ನೂ ಜಾಲಾಡಿತು. ಘಟ್ಟದ ಮಿಕ್ವೀಲಿಯಾ ಡೆಂಟಾಟಾ ಎಂಬ ಬಳ್ಳಿಯಲ್ಲಿ ಒಣ ತೂಕದ ಶೇಕಡಾ 1ರ ಆಸುಪಾಸು ಕ್ಯಾಂಪ್ಟೊಥೆಸಿನ್ ಇರುವುದು ಗೊತ್ತಾಯಿತು. ಲೆಕ್ಕದಲ್ಲಿ ಇದು ಟನ್ನಿಗೆ 17,000 ಸಲದ ಔಷಧಿ.

ಮರದೊಳಗೆ ವಾಸಿಸುವ ಶಿಲೀಂಧ್ರಗಳು ಕೂಡ ಕ್ಯಾಂಪ್ಟೊಥೆಸಿನ್ ಮಾಡುತ್ತವೆ ಎಂದು 2005ರಲ್ಲಿ ವರದಿಯಾದಾಗ ಮರವನ್ನೇ ಬಿಟ್ಟುಬಿಡಬಹುದೆಂಬ ಆಸೆ ಹುಟ್ಟಿತು. ಆದರೆ ತಟ್ಟೆಯಿಂದ ತಟ್ಟೆಗೆ ವರ್ಗಾಯಿಸುತ್ತ ಹೋದಂತೆ ಶಿಲೀಂಧ್ರ ಅದನ್ನು ಮಾಡುವುದನ್ನು ಕಡಿಮೆ ಮಾಡುತ್ತ ಬಂತು. ಬೆಂಗಳೂರಿನ ತಂಡವೂ ಇದನ್ನೇ ಕಂಡಿತು. ಹಾಗಾಗಿ ಸದ್ಯಕ್ಕೆ ಮರವೇ ಗತಿ.

ಭಾರತದ ಅಗತ್ಯ ಔಷಧಿಗಳ ಪಟ್ಟಿಗೆ 2022ರ ಸೆಪ್ಟೆಂಬರ್‌ನಲ್ಲಿ 34 ಹೊಸ ಔಷಧಿಗಳು ಸೇರಿದವು. ಅವುಗಳಲ್ಲಿ ಕ್ಯಾನ್ಸರಿನವು ನಾಲ್ಕು, ಆ ನಾಲ್ಕರಲ್ಲಿ ಒಂದು ಇರಿನೊಟೆಕಾನ್. ಬೆಲೆಗೆ ಮಿತಿ ಬಂದರೆ ಹೆಚ್ಚು ರೋಗಿಗಳಿಗೆ ಔಷಧಿ ಎಟುಕುತ್ತದೆ, ಅದು ಆಗಲೇಬೇಕಾದದ್ದು. ಬೇಡಿಕೆ ಏರಿದಾಗ ಕಚ್ಚಾವಸ್ತುವಿನ ಒತ್ತಡ ಎಲ್ಲಿಗೆ ಬೀಳುತ್ತದೆ ಎಂಬುದೂ ಈಗಲೇ ತೀರ್ಮಾನವಾಗಬೇಕು. ಚೀನಾ ತನ್ನ ಮರವನ್ನು ತೋಟಗಳಲ್ಲಿ ಬೆಳೆಸುತ್ತಿದೆ. ನಮ್ಮ ಮರ ಕಡಿದ ಬುಡದಿಂದ ಚಿಗುರಬಲ್ಲದು, ಬೇರು ಅಗೆದರೆ ಮಾತ್ರ ಇಲ್ಲ. ಅಳೆಯದ ಕಾಡಿನಲ್ಲಿ ಯಾವ ಮರದಲ್ಲಿ ಶೇಕಡಾ 0.1 ಇದೆ, ಯಾವುದರಲ್ಲಿ ಅದರ ಹತ್ತು ಪಟ್ಟು ಇದೆ ಎಂದು ಕೊಡಲಿ ಹಿಡಿದವನಿಗೆ ನೋಡಿ ಹೇಳಲು ಆಗುವುದಿಲ್ಲ. ಹಾಗಾಗಿ ಉತ್ತರ ಕನ್ನಡದಿಂದ ಕೊಡಗಿನವರೆಗಿನ ಪ್ರತಿ ಅರಣ್ಯ ವಿಭಾಗದಲ್ಲೂ ಈ ಮರದ ಅಂಶ ಅಳೆದು, ಹೆಚ್ಚಿರುವವನ್ನು ಗುರುತಿಸಿ, ಅವುಗಳ ಬೀಜದಿಂದ ಇಲಾಖೆಯ ನರ್ಸರಿಗಳಲ್ಲಿ ಸಸಿ ಮಾಡುವ ತನಕ ಬೇರಿನ ಸಾಗಣೆಗೆ ಪರವಾನಗಿ ಕೊಡಬಾರದು.